ಗಾರೆಯ ಕಮಾನು, ಹಲಗೆಯ ಗೋಡೆ: ರಿಚರ್ಡ್ ಅಪ್‌ಜಾನ್ ಅವರ ದೇವಾಲಯಗಳಲ್ಲಿ ಸಂಕೇತದ ಸತ್ಯ

ದೇವಾಲಯವೊಂದನ್ನು ಕಂಡೊಡನೆ ಅದು ಸುಂದರವಾಗಿದೆ ಅಥವಾ ಇಲ್ಲ ಎಂದು ಹೇಳುವುದು ಯಾರಿಗೂ ಕಷ್ಟವಲ್ಲ. ಅದು ನಿಜವನ್ನು ನುಡಿಯುತ್ತಿದೆಯೇ ಎಂದು ಕೇಳುವುದು ದೇವಶಾಸ್ತ್ರದ ಪಾಲಿನ ಕೆಲಸ. ಸಂಸ್ಕಾರಗಳು ಸಂಕೇತಗಳ ವರ್ಗಕ್ಕೆ ಸೇರಿದವು ಎಂದು ಸಂತ ಥಾಮಸ್ ಅಕ್ವಿನಾಸರು ‘ಸುಮ್ಮಾ’ ಗ್ರಂಥದ ಮೂರನೆಯ ಭಾಗದಲ್ಲಿ ಬೋಧಿಸುತ್ತಾರೆ. ಪರಮಪ್ರಸಾದದ ಬಲಿಯು ನಡೆಯುವ ಮನೆಯು ಧರ್ಮಸಭೆಯನ್ನು ಸೂಚಿಸುತ್ತದೆ, ಆದುದರಿಂದಲೇ ಅದಕ್ಕೆ ಸಭೆಯ ಹೆಸರು ಬಂದಿದೆ ಎಂಬ ಮಾತೂ ಅದೇ ಭಾಗದಲ್ಲಿ ಬರುತ್ತದೆ. ಕಟ್ಟಡವು ಸಂಕೇತವೆಂದಾದರೆ, ಸಂಕೇತಕ್ಕೆ ಸಲ್ಲುವ ಅಳತೆಗೋಲು ಅದಕ್ಕೂ ಸಲ್ಲಬೇಕು. ತಾನು ಅಲ್ಲದ್ದನ್ನು ತಾನೆಂದು ತೋರಿಸಿಕೊಳ್ಳುವ ಸಂಕೇತವು ಕೆಟ್ಟ ಸಂಕೇತ.

ಈ ಅಳತೆಗೋಲನ್ನು ಹಿಡಿದು ಹತ್ತೊಂಬತ್ತನೆಯ ಶತಮಾನದ ಅಮೆರಿಕದ ವಾಸ್ತುಶಿಲ್ಪಿ ರಿಚರ್ಡ್ ಅಪ್‌ಜಾನ್ (1802–1878) ಅವರ ಕೃತಿಗಳನ್ನು ನಾವು ಇಲ್ಲಿ ಪರಿಶೀಲಿಸಲಿದ್ದೇವೆ. ಅವರು ಕಥೋಲಿಕರಲ್ಲ, ಎಪಿಸ್ಕೋಪಲ್ ಸಭೆಯ ನಿಷ್ಠಾವಂತ ಸದಸ್ಯರು. ಆದರೂ ಅವರನ್ನು ಆರಿಸಿಕೊಂಡದ್ದಕ್ಕೆ ಕಾರಣವಿದೆ. ಕಲ್ಲು ಮರಗಳೂ ವಿಶ್ವಾಸಪ್ರಕಟಣೆಯ ಭಾಷೆಯೆಂದು ಅವರಷ್ಟು ಗಂಭೀರವಾಗಿ ನಂಬಿ ನಡೆದ ಕಟ್ಟಡಗಾರರು ಅವರ ಕಾಲದ ಅಮೆರಿಕದಲ್ಲಿ ವಿರಳ. ಅವರ ಮರಿಮಗ ಎವರಾರ್ಡ್ ಅಪ್‌ಜಾನ್ ಅವರು 1939ರಲ್ಲಿ ಪ್ರಕಟಿಸಿದ ಜೀವನಚರಿತ್ರೆಯು ತನ್ನ ಶೀರ್ಷಿಕೆಯಲ್ಲಿಯೇ ಅವರನ್ನು ವಾಸ್ತುಶಿಲ್ಪಿಯೆಂದೂ ಸಭಾನಿಷ್ಠರೆಂದೂ ಒಟ್ಟಿಗೆ ಕರೆಯುತ್ತದೆ. ಆ ನಂಬಿಕೆ ಎಷ್ಟು ದೂರ ಸಾಗಿತು, ಎಲ್ಲಿ ತಡೆಯಿತು ಎಂಬುದು ನಮ್ಮ ವಿಚಾರ.

ಬಡಗಿಯ ಕೈ

ಅಪ್‌ಜಾನ್ ಅವರು 1802ರ ಜನವರಿಯಲ್ಲಿ ಇಂಗ್ಲೆಂಡಿನ ಡಾರ್ಸೆಟ್ ಪ್ರಾಂತ್ಯದ ಶಾಫ್ಟ್ಸ್‌ಬರಿಯಲ್ಲಿ ಜನಿಸಿದರು. ವಾಸ್ತುಶಿಲ್ಪವನ್ನು ಅವರು ಯಾವ ವಿದ್ಯಾಲಯದಲ್ಲೂ ಕಲಿತವರಲ್ಲ. ಕಟ್ಟಡದ ಕೆಲಸವನ್ನೂ ನಾಜೂಕಿನ ಮರಗೆಲಸವನ್ನೂ ಗುರುವಿನ ಬಳಿ ದುಡಿದು ಕಲಿತರು. 1829ರಲ್ಲಿ ಮಡದಿ ಮಗುವಿನೊಡನೆ ಸಾಗರ ದಾಟಿ ಅಮೆರಿಕಕ್ಕೆ ಬಂದರು. ಮ್ಯಾಸಚೂಸೆಟ್ಸ್‌ನ ನ್ಯೂ ಬೆಡ್‌ಫರ್ಡ್ ಎಂಬ ಬಂದರು ಪಟ್ಟಣದಲ್ಲಿ ನಕ್ಷೆ ಬರೆಯುವ ಕೆಲಸ ಹಿಡಿದರು. ಆ ಮೇಲೆ ಬೋಸ್ಟನ್ನಿಗೆ ಹೋದರು. ಮೇನ್ ರಾಜ್ಯದ ಬ್ಯಾಂಗರ್ ಪಟ್ಟಣದಲ್ಲಿ 1835–36ರಲ್ಲಿ ಕಟ್ಟಿದ ಸಂತ ಯೊವಾನ್ನರ ದೇವಾಲಯವು ಗಾಥಿಕ್ ಶೈಲಿಯಲ್ಲಿ ಅವರ ಮೊದಲ ಗಣ್ಯ ಕೃತಿ. ನ್ಯೂಯಾರ್ಕ್ ಅವರನ್ನು ಕರೆದದ್ದು 1839ರಲ್ಲಿ, ಹೊಸದನ್ನು ಕಟ್ಟಲೆಂದಲ್ಲ, ಹಳೆಯದನ್ನು ರಿಪೇರಿ ಮಾಡಲೆಂದು. ಹಿಮದ ಭಾರಕ್ಕೆ ಜಖಂಗೊಂಡಿದ್ದ ಟ್ರಿನಿಟಿ ದೇವಾಲಯವನ್ನು ಅವರು ಪರೀಕ್ಷಿಸಿದಾಗ ಅದು ದುರಸ್ತಿಗೆ ಒಗ್ಗದ ಸ್ಥಿತಿಯಲ್ಲಿತ್ತು. ಹಳೆಯದನ್ನು ಕೆಡವಿ ಹೊಸದನ್ನು ಕಟ್ಟುವ ಹೊಣೆ ಅವರ ಹೆಗಲಿಗೆ ಬಂತು.

ಅಲ್ಲಿಂದ ಮುಂದಿನ ಮೂರು ದಶಕ ಅವರು ದೇಶದ ಪ್ರಮುಖ ದೇವಾಲಯ ವಾಸ್ತುಶಿಲ್ಪಿ. 1857ರಲ್ಲಿ ಹದಿಮೂರು ಮಂದಿ ಅವರ ನ್ಯೂಯಾರ್ಕ್ ಕಚೇರಿಯಲ್ಲಿ ಸೇರಿ ಸ್ಥಾಪಿಸಿದ ಅಮೆರಿಕನ್ ಇನ್‌ಸ್ಟಿಟ್ಯೂಟ್ ಆಫ್ ಆರ್ಕಿಟೆಕ್ಟ್ಸ್ ಸಂಸ್ಥೆಗೆ ಅವರೇ ಮೊದಲ ಅಧ್ಯಕ್ಷರು. 1876ರವರೆಗೂ ಆ ಸ್ಥಾನದಲ್ಲಿದ್ದರು. ಬಡಗಿಯಾಗಿ ಬಂದವರು ಒಂದು ವೃತ್ತಿಯ ಹಿರಿಯರಾಗಿ ಬಾಳಿದರು. ಈ ಬಡಗಿಯ ಮೂಲವನ್ನು ಓದುಗರು ನೆನಪಿನಲ್ಲಿ ಇಟ್ಟುಕೊಳ್ಳಬೇಕು. ನಮ್ಮ ವಿಮರ್ಶೆ ಕೊನೆಗೆ ಮರದ ಕಡೆಗೇ ಹಿಂತಿರುಗುತ್ತದೆ.

ಟ್ರಿನಿಟಿ: ಸಿದ್ಧಿ ಮತ್ತು ಸೋಗು

ನ್ಯೂಯಾರ್ಕಿನ ಬ್ರಾಡ್‌ವೇ ಬೀದಿಯಲ್ಲಿ, ವಾಲ್ ಸ್ಟ್ರೀಟ್‌ಗೆ ನೇರ ಎದುರಾಗಿ ನಿಂತಿರುವ ಟ್ರಿನಿಟಿ ದೇವಾಲಯದ ಪ್ರತಿಷ್ಠೆ ನಡೆದದ್ದು 1846ರ ಮೇ 21ರಂದು, ಸ್ವರ್ಗಾರೋಹಣದ ಹಬ್ಬದ ದಿನ. ಅದರ ಶಿಖರದ ಎತ್ತರ 281 ಅಡಿ. ಹಲವು ದಶಕಗಳ ಕಾಲ ಅದು ಆ ನಗರದ ಅತಿ ಎತ್ತರದ ಕಟ್ಟಡಗಳಲ್ಲಿ ಒಂದಾಗಿತ್ತು. ಹಡಗಿನಲ್ಲಿ ಬರುವವರಿಗೆ ಮೊದಲು ಕಾಣುತ್ತಿದ್ದದ್ದು ಶಿಲುಬೆಯನ್ನು ಹೊತ್ತ ಈ ಶಿಖರ. ಕಂದು ಮರಳುಗಲ್ಲಿನ ಗೋಡೆ, ಮೊನಚು ಕಮಾನಿನ ಕಿಟಕಿ, ಎತ್ತರದ ನಡುಸಾಲೆ ಎಲ್ಲವೂ ಇಂಗ್ಲೆಂಡಿನ ಮಧ್ಯಯುಗದ ಧರ್ಮಕೇಂದ್ರಗಳ ನೆನಪನ್ನು ತರುತ್ತವೆ.

ಇಲ್ಲಿ ಅಪ್‌ಜಾನ್ ಅವರು ಸಾಧಿಸಿದ್ದು ಸಾಮಾನ್ಯವಲ್ಲ. ಅಂದಿನ ಅಮೆರಿಕದ ಹೆಚ್ಚಿನ ದೇವಾಲಯಗಳು ಪ್ರಸಂಗವನ್ನು ಕೇಳುವುದಕ್ಕೆಂದು ಕಟ್ಟಿದ ಸಭಾಂಗಣಗಳು. ಬೋಧನಪೀಠವೇ ಅವುಗಳ ಕೇಂದ್ರ. ಬಲಿಪೀಠವು ಅದರ ಕೆಳಗೆ ಇಟ್ಟ ಸಣ್ಣ ಮೇಜು. ಟ್ರಿನಿಟಿಯಲ್ಲಿ ಅವರು ನಡುಸಾಲೆಯ ತುದಿಯಲ್ಲಿ ಆಳವಾದ ಬಲಿಪೀಠದ ಅಂಗಣವನ್ನು ಕಟ್ಟಿದರು. ಬಾಗಿಲಲ್ಲಿ ನಿಂತವನ ಕಣ್ಣು ತಾನಾಗಿಯೇ ಅತ್ತ ಸಾಗುತ್ತದೆ. 1833ರಿಂದ ಆಕ್ಸ್‌ಫರ್ಡ್‌ನಲ್ಲಿ ಆರಂಭಗೊಂಡಿದ್ದ ಚಳವಳಿಯು ಪುಸ್ತಕಗಳಲ್ಲಿ ವಾದಿಸುತ್ತಿದ್ದುದನ್ನು ಈ ಬಡಗಿ ಅಡಿ ಅಂಗುಲಗಳಲ್ಲಿ ವಾದಿಸಿದರು: ಸಭೆಯು ಕೇಳುವುದಕ್ಕೆ ಮಾತ್ರ ಸೇರುವುದಿಲ್ಲ, ಸ್ವೀಕರಿಸುವುದಕ್ಕೂ ಸೇರುತ್ತದೆ. ಅದೇ ನಗರದ ಐದನೆಯ ಅವೆನ್ಯೂವಿನಲ್ಲಿ ಅವರೇ 1840–41ರಲ್ಲಿ ಕಟ್ಟಿದ ಸ್ವರ್ಗಾರೋಹಣ ದೇವಾಲಯದ ಬಲಿಪೀಠದ ಅಂಗಣವು ಆಳವಿಲ್ಲದ್ದು. ಅಲ್ಲಿಯ ಧರ್ಮಕೇಂದ್ರವು ಸಂಸ್ಕಾರಗಳಿಗೆ ಹೆಚ್ಚಿನ ಒತ್ತು ಕೊಡದ ಪಂಗಡಕ್ಕೆ ಸೇರಿತ್ತು. ಎರಡನ್ನೂ ಅಕ್ಕಪಕ್ಕ ಇಟ್ಟು ನೋಡಿದರೆ, ಕಟ್ಟಡದ ಉದ್ದ ಅಗಲಗಳಲ್ಲಿ ಒಂದು ಸಭೆಯ ದೈವಾರಾಧನಾ ದೇವಶಾಸ್ತ್ರವನ್ನು ಹೇಗೆ ಓದಬಹುದೆಂಬುದು ಗುರುಮಠದ ಮೊದಲ ವರ್ಷದ ವಿದ್ಯಾರ್ಥಿಗೂ ತಿಳಿಯುತ್ತದೆ.

ಆದರೆ ತಲೆಯೆತ್ತಿ ನೋಡಿದಾಗ ತೊಡಕು ಕಾಣುತ್ತದೆ. ಟ್ರಿನಿಟಿಯ ಕಮಾನು ಚಾವಣಿ ಕಲ್ಲಿನದೆಂಬಂತೆ ತೋರುತ್ತದೆ, ಕಲ್ಲಿನದಲ್ಲ. ಮೇಲಿನ ಮರದ ಮಾಡಿನಿಂದ ಇಳಿಬಿಟ್ಟ ಚೌಕಟ್ಟಿಗೆ ಗಾರೆ ಬಳಿದು, ಕಲ್ಲಿನ ಕಮಾನಿನ ರೂಪ ಕೊಡಲಾಗಿದೆ. ಅದು ಯಾವ ಭಾರವನ್ನೂ ಹೊರುತ್ತಿಲ್ಲ; ಹೊರುತ್ತಿರುವಂತೆ ನಟಿಸುತ್ತಿದೆ. ಇದು ಕಟ್ಟಡ ಶಾಸ್ತ್ರದವರ ತಕರಾರು ಮಾತ್ರವೆಂದು ನಾವು ಬದಿಗೆ ಸರಿಸುವಂತಿಲ್ಲ. ಅಪ್‌ಜಾನ್ ಅವರು ಯಾರನ್ನು ಮೇಲ್ಪಂಕ್ತಿಯಾಗಿ ಇರಿಸಿಕೊಂಡಿದ್ದರೋ ಆ ಪ್ಯೂಜಿನ್ ಅವರ ದೃಷ್ಟಿಯಲ್ಲಿಯೇ ಇದು ದೋಷ. ಕಥೋಲಿಕ ಧರ್ಮಸಭೆಯನ್ನು ಸೇರಿದ್ದ ಇಂಗ್ಲಿಷ್ ವಾಸ್ತುಶಿಲ್ಪಿ ಅಗಸ್ಟಸ್ ವೆಲ್ಬಿ ಪ್ಯೂಜಿನ್ ಅವರು 1841ರಲ್ಲಿ ಮೊನಚು ಕಮಾನಿನ ಕ್ರೈಸ್ತ ವಾಸ್ತುಶಿಲ್ಪದ ನಿಜ ತತ್ತ್ವಗಳನ್ನು ಕುರಿತು ಗ್ರಂಥವೊಂದನ್ನು ಪ್ರಕಟಿಸಿದರು. ಅನುಕೂಲ, ರಚನೆ ಮತ್ತು ಔಚಿತ್ಯಕ್ಕೆ ಅಗತ್ಯವಲ್ಲದ ಯಾವುದೂ ಕಟ್ಟಡದಲ್ಲಿ ಇರಬಾರದು, ಅಲಂಕಾರವು ರಚನೆಯನ್ನೇ ಸಿಂಗರಿಸಬೇಕು ಎಂಬುದು ಅದರ ತಿರುಳು. ಟ್ರಿನಿಟಿಯ ಹೊರನೋಟವು ಆ ಗ್ರಂಥದ ಆದರ್ಶ ದೇವಾಲಯದ ಚಿತ್ರವನ್ನು ಹೋಲುತ್ತದೆಂದು ವಿದ್ವಾಂಸರು ಬಹುಕಾಲದಿಂದ ಗುರುತಿಸಿದ್ದಾರೆ. ರೂಪವು ದಾಟಿ ಬಂತು, ತತ್ತ್ವವು ಅರ್ಧ ದಾರಿಯಲ್ಲಿ ನಿಂತಿತು.

ಭಕ್ತಿಯ ವಾತಾವರಣವನ್ನು ಉಂಟುಮಾಡಿದರೆ ಸಾಕಲ್ಲವೇ, ಮೇಲಿರುವುದು ಗಾರೆಯೋ ಕಲ್ಲೋ ಎಂದು ಪ್ರಾರ್ಥಿಸುವವರು ಎಣಿಸುತ್ತಾರೆಯೇ ಎಂದು ಕೇಳಬಹುದು. ಗಾರೆಯನ್ನು ಗಾರೆಯಾಗಿಯೇ ಬಳಸಿ ಭವ್ಯ ದೇವಾಲಯಗಳನ್ನು ಕಟ್ಟಿದವರು ಧರ್ಮಸಭೆಯ ಇತಿಹಾಸದಲ್ಲಿ ಬೇಕಾದಷ್ಟು ಮಂದಿ ಇದ್ದಾರೆ. ಆದುದರಿಂದ ಗಾರೆಯ ಮೇಲೆ ನಮ್ಮ ದೂರಿಲ್ಲ. ವಾತಾವರಣ ಸಾಕೆಂಬ ಉತ್ತರದ ಮೇಲೆ ದೂರಿದೆ. ಸಂಸ್ಕಾರದ ತಿಳಿವಳಿಕೆಗೆ ಅದು ಅಪಾಯಕಾರಿ. ಜ್ಞಾನಸ್ನಾನಕ್ಕೆ ನಿಜವಾದ ನೀರು ಬೇಕು, ನೀರಿನಂತೆ ಹೊಳೆಯುವುದು ಸಾಲದು. ಮನುಷ್ಯಾವತಾರವೂ ಅಷ್ಟೇ: ಕ್ರಿಸ್ತರು ದೇಹವನ್ನು ತೋರಿಕೆಗಾಗಿ ಧರಿಸಿದರೆಂದವರನ್ನು ಆದಿಸಭೆಯು ತಿರಸ್ಕರಿಸಿತು. ಕಟ್ಟಡದ ಸೋಗು ಪಾಷಂಡವಾಗಲಾರದು, ನಿಜ. ಆದರೆ ತೋರಿಕೆಯೇ ಸಾಕೆಂಬ ಅಭ್ಯಾಸವನ್ನು ಅದು ಮೌನವಾಗಿ ಕಲಿಸುತ್ತದೆ.

ಶೈಲಿಯು ವಿಶ್ವಾಸಪ್ರಕಟಣೆಯೇ?

ಅಪ್‌ಜಾನ್ ಅವರ ಬಾಳಿನಲ್ಲಿ ಇನ್ನೊಂದು ಕಠಿಣ ಪ್ರಶ್ನೆಯಿದೆ. ತಾನು ಒಪ್ಪದ ವಿಶ್ವಾಸದವರಿಗೆ ಕ್ರೈಸ್ತ ಕಟ್ಟಡಗಾರನು ಆರಾಧನಾ ಮಂದಿರವನ್ನು ಕಟ್ಟಿಕೊಡಬಹುದೇ? ಬೋಸ್ಟನ್ನಿನ ಯೂನಿಟೇರಿಯನ್ ಸಭೆಯೊಂದು ಕೇಳಿದಾಗ, ತ್ರಿತ್ವವನ್ನು ಒಪ್ಪದವರಿಗೆ ಕಟ್ಟಲು ತಮ್ಮ ಮನಸ್ಸಾಕ್ಷಿ ಒಪ್ಪದೆಂದು ಅವರು ಹಿಂದೆ ಸರಿದರೆಂದು ಹೇಳುತ್ತಾರೆ. ಕೈಗೆ ಬಂದ ಸಂಪಾದನೆಯನ್ನು ವಿಶ್ವಾಸದ ಕಾರಣಕ್ಕೆ ಬಿಟ್ಟುಕೊಟ್ಟವರನ್ನು ಗೌರವಿಸಲೇಬೇಕು.

ಆದರೆ ಸಿದ್ಧಾಂತವು ಶೈಲಿಗೆ ಇಳಿದಾಗ ಅಷ್ಟು ಗಟ್ಟಿಯಾಗಿ ನಿಲ್ಲಲಿಲ್ಲ. ಬ್ರೂಕ್ಲಿನ್ನಿನ ಕಾಂಗ್ರಿಗೇಷನಲ್ ಸಭೆಗಾಗಿ 1844–46ರಲ್ಲಿ ಅವರು ಕಟ್ಟಿದ ‘ಯಾತ್ರಿಕರ ದೇವಾಲಯ’ದಲ್ಲಿ ಮೊನಚು ಕಮಾನುಗಳಿಲ್ಲ, ದುಂಡು ಕಮಾನಿನ ರೋಮನೆಸ್ಕ್ ಶೈಲಿಯಿದೆ. ಮೇನ್ ರಾಜ್ಯದ ಬ್ರನ್ಸ್‌ವಿಕ್‌ನಲ್ಲಿರುವ ಬೌಡನ್ ಕಾಲೇಜಿನ ಪ್ರಾರ್ಥನಾಲಯಕ್ಕೂ ಅದೇ ಶೈಲಿ. ಎಪಿಸ್ಕೋಪಲ್ ಸಭೆಗೆ ಗಾಥಿಕ್, ಉಳಿದವರಿಗೆ ರೋಮನೆಸ್ಕ್ ಎಂಬ ಹಂಚಿಕೆಯನ್ನು ಇದರಲ್ಲಿ ಕಂಡವರಿದ್ದಾರೆ. ಆದರೆ ಅದೇ ಬ್ರನ್ಸ್‌ವಿಕ್ ಪಟ್ಟಣದ ಕಾಂಗ್ರಿಗೇಷನಲ್ ಸಭೆಗೆ 1845–46ರಲ್ಲಿ ಅವರು ಗಾಥಿಕ್ ದೇವಾಲಯವನ್ನೇ ಕಟ್ಟಿದರು. ಅಂದರೆ ಶೈಲಿಗೂ ವಿಶ್ವಾಸಕ್ಕೂ ಅವರು ಹಾಕಿದ ಗಂಟು ಅವರ ಕೈಯಲ್ಲಿಯೇ ಸಡಿಲವಾಗಿತ್ತು.

ಇತಿಹಾಸವು ಆ ಗಂಟನ್ನು ಇನ್ನಷ್ಟು ಸಡಿಲಿಸಿದೆ. ಯಾತ್ರಿಕರ ದೇವಾಲಯವನ್ನು 1944ರಲ್ಲಿ ಮರೊನೈಟ್ ಕಥೋಲಿಕರು ಕೊಂಡುಕೊಂಡರು. ಇಂದು ಅದು ಲೆಬನೋನಿನ ಮಾತೆಯ ಪ್ರಧಾನಾಲಯ. ಬಲಿಪೀಠಕ್ಕೆ ಪ್ರಾಧಾನ್ಯ ಕೊಡಲು ಒಲ್ಲದ ಪ್ಯೂರಿಟನ್ ಪರಂಪರೆಯವರಿಗಾಗಿ ಎದ್ದ ಗೋಡೆಗಳೊಳಗೆ ಅಂತಿಯೋಕ್ಯದ ಸಿರಿಯಾಕ್ ಪರಂಪರೆಯ ಬಲಿಪೂಜೆ ನಡೆಯುತ್ತಿದೆ. ಅದರ ಬಾಗಿಲುಗಳಲ್ಲಿ ಕೆಲವು ‘ನಾರ್ಮಂಡಿ’ ಎಂಬ ಫ್ರೆಂಚ್ ಪ್ರಯಾಣಿಕರ ಹಡಗಿನಿಂದ ಬಂದವು. ಗೋಡೆಗಳು ಯಾವ ದೂರನ್ನೂ ಹೇಳಲಿಲ್ಲ. ಯಾವ ಕಲಾಶೈಲಿಯನ್ನೂ ಧರ್ಮಸಭೆಯು ತನ್ನದೇ ಎಂದು ಕಟ್ಟಿಹಾಕಿಕೊಂಡಿಲ್ಲ ಎಂದು ಎರಡನೆಯ ವ್ಯಾಟಿಕನ್ ಮಹಾಸಭೆಯು ದೈವಾರಾಧನೆಯ ಸಂವಿಧಾನದ 123ನೆಯ ಪರಿಚ್ಛೇದದಲ್ಲಿ ಬೋಧಿಸಿದ್ದರ ಸಾಕ್ಷಿಯಾಗಿ ಈ ಒಂದು ಕಟ್ಟಡವನ್ನು ತೋರಿಸಬಹುದು. ಕಟ್ಟಡದ ಸತ್ಯವು ಶೈಲಿಯಲ್ಲಿಲ್ಲವೆಂದಾದರೆ ಅದನ್ನು ಬೇರೆಡೆ ಹುಡುಕಬೇಕು. ಅಪ್‌ಜಾನ್ ಅವರ ಕೃತಿಗಳಲ್ಲಿಯೇ ಅದು ಎರಡು ಕಡೆ ಸಿಗುತ್ತದೆ.

ಯಾರು ಎಲ್ಲಿ ಕುಳಿತುಕೊಳ್ಳುತ್ತಾರೆ

ಮೊದಲನೆಯದು ನ್ಯೂಯಾರ್ಕಿನ ಆರನೆಯ ಅವೆನ್ಯೂ ಮತ್ತು ಇಪ್ಪತ್ತನೆಯ ಬೀದಿಗಳು ಕೂಡುವಲ್ಲಿ ಅವರು 1844–46ರಲ್ಲಿ ಕಟ್ಟಿದ ‘ಪವಿತ್ರ ಸತ್ಪ್ರಸಾದದ ದೇವಾಲಯ’. ಅದರ ಗುರುಗಳು ವಿಲಿಯಂ ಅಗಸ್ಟಸ್ ಮೂಲೆನ್‌ಬರ್ಗ್. ಕಲಾ ಇತಿಹಾಸಕಾರರು ಅದನ್ನು ಸ್ಮರಿಸುವುದು ಎರಡು ಬದಿಗಳನ್ನು ಸರಿಸಮ ಮಾಡದೆ, ಗೋಪುರವನ್ನು ಮೂಲೆಯಲ್ಲಿ ನಿಲ್ಲಿಸಿದ ಸಹಜ ವಿನ್ಯಾಸಕ್ಕಾಗಿ. ನಾವು ಸ್ಮರಿಸಬೇಕಾದದ್ದು ಅಲ್ಲಿಯ ಬೆಂಚುಗಳನ್ನು. ಅಂದು ಆ ನಗರದ ದೊಡ್ಡ ದೇವಾಲಯಗಳಲ್ಲಿ ಆಸನಗಳನ್ನು ಮಾರುವುದು, ಬಾಡಿಗೆಗೆ ಕೊಡುವುದು ವಾಡಿಕೆ. ಹಣವುಳ್ಳ ಕುಟುಂಬಕ್ಕೆ ಮುಂದಿನ ಸಾಲು. ಬಡವನಿಗೆ ಹಿಂದಿನ ಮೂಲೆ, ಅದೂ ಖಾಲಿಯಿದ್ದರೆ. ಮೂಲೆನ್‌ಬರ್ಗ್ ಅವರು ತಮ್ಮ ದೇವಾಲಯದ ಆಸನಗಳಿಗೆ ಬೆಲೆ ಕಟ್ಟಲಿಲ್ಲ. ಯಾರು ಬೇಕಾದರೂ ಎಲ್ಲಿ ಬೇಕಾದರೂ ಕುಳಿತುಕೊಳ್ಳಬಹುದಿತ್ತು.

ಹೊಳೆಯುವ ಉಡುಪಿನವನಿಗೆ ಒಳ್ಳೆಯ ಆಸನ ತೋರಿಸಿ, ಹರಕು ಬಟ್ಟೆಯವನನ್ನು ಕಾಲ ಬಳಿ ಕೂರಿಸುವ ಸಭೆಯನ್ನು ಯಕೋಬರ ಪತ್ರದ ಎರಡನೆಯ ಅಧ್ಯಾಯವು ಖಂಡಿಸುತ್ತದೆ. ಆ ಅಧ್ಯಾಯವನ್ನು ವ್ಯಾಖ್ಯಾನಿಸಿದ ಪ್ರಸಂಗಗಳು ಎಷ್ಟೋ. ಅದನ್ನು ಬೆಂಚುಗಳಲ್ಲಿ ವ್ಯಾಖ್ಯಾನಿಸಿದವರು ಮೂಲೆನ್‌ಬರ್ಗ್. ದೇವಾಲಯಕ್ಕೆ ಅವರು ಕೊಟ್ಟ ಹೆಸರಿನ ಸೂಚನೆಯೂ ಅದೇ: ಸತ್ಪ್ರಸಾದದ ಐಕ್ಯವು ಬಲಿಪೀಠದ ಬಳಿ ನಿಜವಾಗಬೇಕಾದರೆ ಬಾಗಿಲ ಬಳಿಯೂ ನಿಜವಾಗಿರಬೇಕು. 1846ರ ಸಂತ ಲೂಕರ ಹಬ್ಬದಂದು ಅಲ್ಲಿ ಬಡ ರೋಗಿಗಳ ಆಸ್ಪತ್ರೆಗೆಂದು ಎತ್ತಿದ ಕಾಣಿಕೆಯು ತೀರಾ ಸಣ್ಣ ಮೊತ್ತ. ಆದರೆ ಅದು ಬೆಳೆದು 1858ರಲ್ಲಿ ಬಾಗಿಲು ತೆರೆದ ಸಂತ ಲೂಕರ ಆಸ್ಪತ್ರೆಯಾಯಿತು.

ಈ ದೇವಾಲಯದ ಮುಂದಿನ ಕಥೆಯನ್ನೂ ಮುಚ್ಚಿಡಬಾರದು. ಭಕ್ತಾದಿಗಳ ಸಂಖ್ಯೆ ಕುಗ್ಗಿ 1976ರಲ್ಲಿ ಧರ್ಮಕೇಂದ್ರವು ಬೇರೆ ಎರಡು ಧರ್ಮಕೇಂದ್ರಗಳೊಡನೆ ವಿಲೀನವಾಯಿತು. ಕಟ್ಟಡವು ಮಾರಾಟವಾಗಿ, 1983ರಲ್ಲಿ ‘ಲೈಮ್‌ಲೈಟ್’ ಎಂಬ ನೈಟ್‌ಕ್ಲಬ್ ಆಯಿತು. ಗಾಥಿಕ್ ಕಮಾನುಗಳ ಕೆಳಗೆ ಬಣ್ಣದ ದೀಪಗಳು, ನೃತ್ಯ, ಮಾದಕ ವಸ್ತುಗಳ ಕುಖ್ಯಾತಿ. ಬ್ರೂಕ್ಲಿನ್ನಿನ ಗೋಡೆಗಳು ಒಂದು ಆರಾಧನೆಯಿಂದ ಇನ್ನೊಂದಕ್ಕೆ ಸಾಗಿದವು; ಇವು ಆರಾಧನೆಯಿಂದಲೇ ಆಚೆಗೆ ಸಾಗಿದವು. ಕಮಾನಿನ ಮೊನಚು ಯಾರನ್ನೂ ಪವಿತ್ರಗೊಳಿಸಲಾರದು ಎಂಬುದನ್ನು ಇದಕ್ಕಿಂತ ಸ್ಪಷ್ಟವಾಗಿ ಯಾವ ವಾದವೂ ತಿಳಿಸಲಾರದು. ಮೂಲೆನ್‌ಬರ್ಗರ ಕೃತಿಯಲ್ಲಿ ಇಂದಿಗೂ ಬಾಳುತ್ತಿರುವುದು ರೋಗಿಗಳ ಆರೈಕೆ.

ಹಲಗೆಯ ದೇವಾಲಯ

ಎರಡನೆಯದು ಒಂದು ಪುಸ್ತಕ. ಪಟ್ಟಣಗಳಿಂದ ದೂರದಲ್ಲಿದ್ದ ಬಡ ಧರ್ಮಕೇಂದ್ರಗಳು ನಕ್ಷೆಗಳನ್ನು ಬೇಡಿ ಅಪ್‌ಜಾನ್ ಅವರಿಗೆ ಪತ್ರ ಬರೆಯುತ್ತಿದ್ದವು. ಪ್ರತಿಯೊಂದಕ್ಕೂ ಬೇರೆ ಬೇರೆ ನಕ್ಷೆ ಬರೆದುಕೊಡುವುದು ಅಸಾಧ್ಯ. ಶುಲ್ಕವನ್ನು ಕೊಡುವುದು ಅವುಗಳಿಗೂ ಅಸಾಧ್ಯ. 1852ರಲ್ಲಿ ಅವರು ಗ್ರಾಮೀಣ ವಾಸ್ತುಶಿಲ್ಪವನ್ನು ಕುರಿತ ತಮ್ಮ ನಕ್ಷೆಪುಸ್ತಕವನ್ನು ಪ್ರಕಟಿಸಿದರು. ಮರದ ದೇವಾಲಯ, ಸಣ್ಣ ಪ್ರಾರ್ಥನಾಲಯ, ಗುರುಮನೆ, ಶಾಲೆ: ಇವುಗಳ ಕೆಲಸದ ನಕ್ಷೆಗಳೂ ಸಾಮಗ್ರಿ ಮತ್ತು ಕೆಲಸದ ವಿವರಗಳೂ ಅದರಲ್ಲಿದ್ದವು. ಊರಿನ ಸಾಧಾರಣ ಬಡಗಿಯು ಪುಸ್ತಕವನ್ನು ಮುಂದಿಟ್ಟುಕೊಂಡು ದೇವಾಲಯವನ್ನು ಕಟ್ಟಬಹುದಿತ್ತು.

ಆ ದೇವಾಲಯದ ಗೋಡೆಯ ರಚನೆ ತೀರಾ ಸರಳ. ಸಾಮಿಲ್‌ನಿಂದ ಬಂದ ಹಲಗೆಗಳನ್ನು ನಿಲುವಾಗಿ ಒತ್ತೊತ್ತಾಗಿ ಜೋಡಿಸುವುದು. ಎರಡು ಹಲಗೆಗಳು ಕೂಡುವ ಸಂದಿನ ಮೇಲೆ ಸಣ್ಣ ರೀಪು ಪಟ್ಟಿಯನ್ನು ಹೊಡೆಯುವುದು. ಮಳೆಗಾಳಿಯನ್ನು ತಡೆಯುವುದಕ್ಕೆಂದು ಇರುವ ಆ ಪಟ್ಟಿಗಳೇ ಗೋಡೆಯ ಅಲಂಕಾರವಾಗುತ್ತವೆ, ಅವುಗಳ ಲಂಬರೇಖೆಗಳು ಕಣ್ಣನ್ನು ಮೇಲಕ್ಕೆ ಒಯ್ಯುತ್ತವೆ. ಒಳಗೆ ಮಾಡಿನ ತೊಲೆಗಳು ಬಯಲಾಗಿ ಕಾಣುತ್ತವೆ. ಯಾವ ತೊಲೆ ಯಾವ ಭಾರವನ್ನು ಹೊರುತ್ತದೆಂದು ಕುಳಿತವರು ನೋಡಿಯೇ ತಿಳಿಯಬಹುದು. ಬಲಿಪೀಠಕ್ಕೆ ಇಲ್ಲಿಯೂ ಪ್ರತ್ಯೇಕ ಅಂಗಣವಿದೆ. ಟ್ರಿನಿಟಿಯಲ್ಲಿ ಕಲ್ಲಿನ ವೇಷ ತೊಟ್ಟ ಗಾರೆಯಿತ್ತು. ಇಲ್ಲಿ ಮರವು ಮರವಾಗಿಯೇ ನಿಂತಿದೆ. ರಚನೆಯೇ ಅಲಂಕಾರವಾಗಬೇಕೆಂಬ ಪ್ಯೂಜಿನ್ ಅವರ ತತ್ತ್ವವು ಅಪ್‌ಜಾನ್ ಅವರಲ್ಲಿ ಪೂರ್ತಿಯಾಗಿ ನೆಲೆಗೊಂಡದ್ದು ಹಣವೇ ಇಲ್ಲದ ಕಡೆ. ದುಂದು ವೈಭವಕ್ಕಿಂತ ಉದಾತ್ತ ಸೌಂದರ್ಯವನ್ನು ಅರಸಬೇಕೆಂದು ವ್ಯಾಟಿಕನ್ ಮಹಾಸಭೆಯ ಅದೇ ಸಂವಿಧಾನದ 124ನೆಯ ಪರಿಚ್ಛೇದವು ಹೇಳುವುದನ್ನು ಈ ಹಲಗೆಯ ಗೋಡೆಗಳು ನೂರು ವರ್ಷಗಳಿಗೂ ಮೊದಲೇ ತಿಳಿದಿದ್ದವು. ಅಪ್‌ಜಾನ್ ಅವರ ಶ್ರೇಷ್ಠ ಕೃತಿ ಯಾವುದೆಂದು ಕೇಳಿದರೆ ವಾಸ್ತುಶಿಲ್ಪದ ಚರಿತ್ರೆಯು ಟ್ರಿನಿಟಿಯ ಕಡೆ ಕೈ ತೋರಿಸುತ್ತದೆ. ನಾವು ಈ ಪುಸ್ತಕದ ಕಡೆ ತೋರಿಸುತ್ತೇವೆ.

ಯಾರ ಕೈ ಕಟ್ಟಿತು

ಇಲ್ಲಿಗೆ ನಿಲ್ಲಿಸಿದರೆ ಲೇಖನವು ಸುಖವಾಗಿ ಮುಗಿಯುತ್ತಿತ್ತು. ಆದರೆ ಹಲಗೆಯ ಎರಡು ದೇವಾಲಯಗಳು ನಮ್ಮನ್ನು ನಿಲ್ಲಗೊಡುವುದಿಲ್ಲ.

ಒಂದು, ನಾವು ಮೇಲೆ ಹೆಸರಿಸಿದ ಬ್ರನ್ಸ್‌ವಿಕ್‌ನ ಕಾಂಗ್ರಿಗೇಷನಲ್ ದೇವಾಲಯ. ಅದೂ ಮರದ್ದೇ. ಬೌಡನ್ ಕಾಲೇಜಿನಲ್ಲಿ ಬೋಧಿಸುತ್ತಿದ್ದ ಕ್ಯಾಲ್ವಿನ್ ಸ್ಟೋ ಅವರ ಪತ್ನಿ ಹ್ಯಾರಿಯೆಟ್ ಬೀಚರ್ ಸ್ಟೋ ಅವರು 1851ರಲ್ಲಿ ಅಲ್ಲಿ ಪ್ರಭುಭೋಜನದ ಆರಾಧನೆಯಲ್ಲಿ ಕುಳಿತಿದ್ದಾಗ, ಹೊಡೆತ ತಿಂದು ಸಾಯುತ್ತಿರುವ ಒಬ್ಬ ಮುದಿ ಗುಲಾಮನ ದೃಶ್ಯವು ಅವರ ಕಣ್ಣಮುಂದೆ ಬಂತು. ‘ಅಂಕಲ್ ಟಾಮ್ಸ್ ಕ್ಯಾಬಿನ್’ ಕಾದಂಬರಿ ಹುಟ್ಟಿದ್ದು ಆ ದೃಶ್ಯದಿಂದ ಎಂದು ಅವರೇ ಮುಂದೆ ತಿಳಿಸಿದರು. ಕಾದಂಬರಿಯು ಪುಸ್ತಕರೂಪದಲ್ಲಿ ಹೊರಬಂದದ್ದು 1852ರಲ್ಲಿ, ಅಪ್‌ಜಾನ್ ಅವರ ನಕ್ಷೆಪುಸ್ತಕ ಪ್ರಕಟವಾದ ವರ್ಷದಲ್ಲಿಯೇ.

ಎರಡು, ದಕ್ಷಿಣದ ಅಲಬಾಮಾ ರಾಜ್ಯದ ಪ್ರೇರಿವಿಲ್ ಎಂಬಲ್ಲಿರುವ ಸಂತ ಅಂದ್ರೆಯರ ಎಪಿಸ್ಕೋಪಲ್ ದೇವಾಲಯ. 1853–54ರಲ್ಲಿ ಎದ್ದ ಈ ಕಟ್ಟಡವು ಅಪ್‌ಜಾನ್ ಅವರ ನಕ್ಷೆಪುಸ್ತಕದ ಮಾದರಿಯನ್ನು ಬಹಳ ಹತ್ತಿರದಿಂದ ಅನುಸರಿಸುತ್ತದೆ: ನಿಲುವು ಹಲಗೆ, ರೀಪು ಪಟ್ಟಿ, ಕಡಿದಾದ ಮಾಡು. ಅದನ್ನು ಕಟ್ಟಿದವರು ಗುಲಾಮರು. ಮೇಲಾಳುಗಳಾಗಿ ಕೆಲಸ ನಡೆಸಿದ ಬಡಗಿಗಳು ಪೀಟರ್ ಲೀ ಮತ್ತು ಜೋ ಗ್ಲಾಸ್ಗೋ; ಇಬ್ಬರೂ ಹೆನ್ರಿ ಟೇಲೋ ಎಂಬ ಪ್ಲಾಂಟೇಷನ್ ಒಡೆಯನ ಸ್ವತ್ತೆಂದು ಕಾನೂನಿನ ಲೆಕ್ಕದಲ್ಲಿ ಸೇರಿದ್ದವರು. ಅವರ ಕೈಕೆಲಸದ ಹದವನ್ನು ಇಂದಿಗೂ ಕಾಣಬಹುದು. ಒಳಗಿನ ಮರಕ್ಕೆ ಹೊಗೆಸೊಪ್ಪಿನ ದಂಟನ್ನು ಕುದಿಸಿದ ಕಷಾಯದಿಂದ ಬಣ್ಣ ಕೊಟ್ಟರೆಂದು ಊರಿನ ಮಾತಿದೆ.

ಒಂದೇ ಬಗೆಯ ಹಲಗೆ, ಒಂದೇ ಬಗೆಯ ರೀಪು. ಉತ್ತರದಲ್ಲಿ ಅಂಥ ಗೋಡೆಗಳ ನಡುವೆ ಪ್ರಭುಭೋಜನದಲ್ಲಿ ಒಬ್ಬರ ಕಣ್ಣು ತೆರೆಯಿತು. ದಕ್ಷಿಣದಲ್ಲಿ ಅಂಥ ಗೋಡೆಗಳನ್ನು ಗುಲಾಮರ ಕೈಗಳು ಎಬ್ಬಿಸಿದವು, ಒಡೆಯರು ಒಳಗೆ ಕುಳಿತು ಪ್ರಾರ್ಥಿಸಿದರು. ಮರದ ಸತ್ಯವು ಎರಡೂ ಕಡೆ ಅಷ್ಟೇ ಶುದ್ಧವಾಗಿತ್ತು. ಪ್ರೇರಿವಿಲ್‌ನಲ್ಲಿ ಸಂಕೇತವು ಸುಳ್ಳಾಗಿದ್ದರೆ ಆ ಸುಳ್ಳು ಗಾರೆಯಲ್ಲಿರಲಿಲ್ಲ, ಕೂಲಿಯಲ್ಲಿತ್ತು.

ಪವಿತ್ರ ಗ್ರಂಥವು ಈ ಸುಳ್ಳನ್ನು ಬಲ್ಲದು. ಸೊಲೊಮೋನನು ದೇವಾಲಯವನ್ನು ಕಟ್ಟುವುದಕ್ಕೆ ಮೂವತ್ತು ಸಾವಿರ ಇಸ್ರಯೇಲರನ್ನು ಬಿಟ್ಟಿ ಕೆಲಸಕ್ಕೆ ಹಿಡಿದನೆಂದು ಅರಸುಗಳ ಮೊದಲ ಗ್ರಂಥದ ಐದನೆಯ ಅಧ್ಯಾಯವು ಮರೆಮಾಚದೆ ಹೇಳುತ್ತದೆ. ಹನ್ನೆರಡನೆಯ ಅಧ್ಯಾಯದಲ್ಲಿ ರಾಜ್ಯವು ಒಡೆಯುವುದು ಅದೇ ನೊಗದ ಕಾರಣದಿಂದ. ನೆರೆಯವನನ್ನು ಕೂಲಿಯಿಲ್ಲದೆ ದುಡಿಸಿ ಮನೆ ಕಟ್ಟುವವನ ಮೇಲೆ ಯೆರೆಮೀಯನು ಇಪ್ಪತ್ತೆರಡನೆಯ ಅಧ್ಯಾಯದಲ್ಲಿ ಧಿಕ್ಕಾರ ನುಡಿಯುತ್ತಾನೆ. ಹಬಕ್ಕೂಕನ ಎರಡನೆಯ ಅಧ್ಯಾಯದಲ್ಲಂತೂ ಅನ್ಯಾಯದಿಂದ ಕಟ್ಟಿದ ಮನೆಯ ಗೋಡೆಗಲ್ಲು ದೂರು ಹೇಳಿದಾಗ ಮರದ ತೊಲೆಯು ಅದಕ್ಕೆ ದನಿಗೂಡಿಸುತ್ತದೆ. ಕಲ್ಲಿನ ಸೋಗಿಗಿಂತ ಮರದ ನೇರವನ್ನು ಮೆಚ್ಚಿದ ನಮ್ಮ ವಾದಕ್ಕೆ ಪ್ರವಾದಿಯ ಉತ್ತರ ಇದೇ ಎಂದು ತೋರುತ್ತದೆ. ಅನ್ಯಾಯದ ಮನೆಯಲ್ಲಿ ಎರಡಕ್ಕೂ ಒಂದೇ ಕೂಗು.

ಪ್ರೇರಿವಿಲ್‌ನ ಪಾಪವನ್ನು ನ್ಯೂಯಾರ್ಕಿನಲ್ಲಿ ಕುಳಿತ ಪುಸ್ತಕಕಾರರ ತಲೆಗೆ ಕಟ್ಟುವುದು ನ್ಯಾಯವೇ? ಅಲ್ಲ. ಪುಸ್ತಕವನ್ನು ಯಾರು ಕೊಳ್ಳುತ್ತಾರೆ, ಯಾರಿಂದ ಕಟ್ಟಿಸುತ್ತಾರೆ ಎಂಬುದು ಅವರ ಹಿಡಿತದಲ್ಲಿರಲಿಲ್ಲ. ಆದರೂ ಅವರು ಈ ಲೋಕಕ್ಕೆ ಪೂರಾ ಹೊರಗಿನವರೂ ಆಗಿರಲಿಲ್ಲ. ಟ್ರಿನಿಟಿಯ ಕೆಲಸ ಆರಂಭವಾದ ಕಾಲದಲ್ಲಿಯೇ, 1839–41ರಲ್ಲಿ, ನ್ಯೂಪೋರ್ಟ್‌ನಲ್ಲಿ ಅವರು ಕಟ್ಟಿದ ‘ಕಿಂಗ್ಸ್‌ಕೋಟ್’ ಎಂಬ ಬೇಸಗೆಯ ಬಂಗಲೆಯ ಒಡೆಯ ಜಾರ್ಜ್ ನೋಬಲ್ ಜೋನ್ಸ್ ದಕ್ಷಿಣದ ಪ್ಲಾಂಟೇಷನ್‌ಗಳ ಮಾಲೀಕ. ತ್ರಿತ್ವವನ್ನು ಒಪ್ಪದವರಿಗೆ ದೇವಾಲಯ ಕಟ್ಟಲು ಮನಸ್ಸಾಕ್ಷಿ ಒಪ್ಪದವರಿಗೆ ಗುಲಾಮರ ಒಡೆಯನಿಗೆ ಮನೆ ಕಟ್ಟಲು ಅಡ್ಡಿಯಾಗಲಿಲ್ಲ. ದೇವಾಲಯವೂ ಮನೆಯೂ ಒಂದೇ ಅಲ್ಲ, ನಿಜ. ಆದರೆ ಮನಸ್ಸಾಕ್ಷಿ ಎಲ್ಲಿ ಎಚ್ಚರವಾಗಿತ್ತು, ಎಲ್ಲಿ ಮಲಗಿತ್ತು ಎಂಬುದು ಇದರಿಂದ ತಿಳಿಯುತ್ತದೆ. ಆ ಕಾಲದ ಅವರ ಸಭೆಯ ಬಹುಪಾಲು ಮಂದಿಯ ಮನಸ್ಸಾಕ್ಷಿಯೂ ಅಲ್ಲಿಯೇ ಮಲಗಿತ್ತು. ಕಥೋಲಿಕರಾದ ನಾವು ಇದರಲ್ಲಿ ಬೆರಳು ತೋರಿಸುವಂತಿಲ್ಲ. ಅದೇ ದೇಶದ ಮೇರಿಲ್ಯಾಂಡ್‌ನಲ್ಲಿ ಯೇಸುಸಭೆಯ ಗುರುಗಳ ಜಮೀನುಗಳಲ್ಲಿ ದುಡಿಯುತ್ತಿದ್ದ 272 ಮಂದಿ ಗುಲಾಮರನ್ನು 1838ರಲ್ಲಿ ಮಾರಲಾಯಿತು.

ತೀರ್ಪು

ಅಪ್‌ಜಾನ್ ಅವರು 1878ರಲ್ಲಿ ನ್ಯೂಯಾರ್ಕ್ ರಾಜ್ಯದ ಗ್ಯಾರಿಸನ್‌ನಲ್ಲಿ ತೀರಿಕೊಂಡರು. ಅಲ್ಲಿ ತಾವೇ ವಿನ್ಯಾಸಗೊಳಿಸಿದ್ದ ಸಂತ ಫಿಲಿಪ್ಪರ ದೇವಾಲಯದ ಅಂಗಳದಲ್ಲಿ ಅವರ ಸಮಾಧಿಯಿದೆ. ಅವರಿಗೆ ನಾವು ಋಣಿಗಳು. ಬಲಿಪೀಠದ ಸ್ಥಾನವು ಕಟ್ಟಡದ ನಕ್ಷೆಯಲ್ಲಿ ನಿರ್ಧಾರವಾಗುತ್ತದೆ, ಬಡ ಧರ್ಮಕೇಂದ್ರಕ್ಕೂ ಯೋಗ್ಯವಾದ ದೇವಾಲಯದ ಹಕ್ಕಿದೆ, ಅಗ್ಗದ ಸಾಮಗ್ರಿಯು ಸೋಗು ಹಾಕದಿದ್ದರೆ ಪವಿತ್ರ ಕಾರ್ಯಕ್ಕೆ ಒದಗುತ್ತದೆ: ಈ ಮೂರನ್ನೂ ಅವರು ಕಟ್ಟಿ ತೋರಿಸಿದರು. ಶೈಲಿಯಲ್ಲಿ ವಿಶ್ವಾಸವನ್ನು ಭದ್ರಪಡಿಸಬಹುದೆಂಬ ಅವರ ಕಾಲದ ನಂಬಿಕೆಯು ನಿಲ್ಲಲಿಲ್ಲ. ಕಟ್ಟುವ ಕೈಗಳ ಪ್ರಶ್ನೆಯಂತೂ ಅವರ ನಕ್ಷೆಯೊಳಗೆ ಬರಲೇ ಇಲ್ಲ.

ಈ ಪುಟಗಳನ್ನು ಓದುವ ಗುರುವಿದ್ಯಾರ್ಥಿಗಳಲ್ಲಿ ಹಲವರು ಮುಂದೊಂದು ದಿನ ಧರ್ಮಕೇಂದ್ರದ ಗುರುಗಳಾಗಿ ದೇವಾಲಯವೊಂದನ್ನು ಕಟ್ಟಿಸುವರು, ಇಲ್ಲವೇ ಜೀರ್ಣೋದ್ಧಾರ ಮಾಡಿಸುವರು. ಸಿಮೆಂಟಿಗೆ ಕಲ್ಲಿನ ಬಣ್ಣ ಬಳಿಯೋಣವೇ ಎಂದು ಕಂಟ್ರಾಕ್ಟರು ಕೇಳುವ ದಿನ ಬಂದೇ ಬರುತ್ತದೆ. ದಾನಿಗಳ ಹೆಸರನ್ನು ಬೆಂಚುಗಳ ಮೇಲೆ ಕೆತ್ತಿಸೋಣವೇ ಎಂದು ಸಮಿತಿಯವರು ಕೇಳುವ ದಿನವೂ ಬರುತ್ತದೆ. ಅವೆರಡಕ್ಕೂ ಉತ್ತರವನ್ನು ಅಪ್‌ಜಾನ್ ಮತ್ತು ಮೂಲೆನ್‌ಬರ್ಗ್ ಅವರಿಂದ ಕಲಿಯಬಹುದು. ಮೂರನೆಯ ಪ್ರಶ್ನೆಯನ್ನು ಯಾರೂ ಬಂದು ಕೇಳುವುದಿಲ್ಲ; ಗುರುಗಳೇ ಕೇಳಬೇಕು. ಈ ವಾರ ಗಾರೆ ಕಲಸಿದವರಿಗೆ, ಕಲ್ಲು ಹೊತ್ತ ಹೆಂಗಸರಿಗೆ ಶನಿವಾರದ ಬಟವಾಡೆ ಪೂರ್ತಿ ಆಯಿತೇ? ಮರುದಿನ ಬಲಿಪೀಠದಲ್ಲಿ ರೊಟ್ಟಿಯನ್ನು ಮಾನವರ ದುಡಿಮೆಯ ಫಲವೆಂದು ದೇವರ ಮುಂದೆ ಎತ್ತಿ ಹಿಡಿಯುವ ಕೈಗಳು ಆ ಲೆಕ್ಕವನ್ನು ಮೊದಲು ನೋಡಿರಬೇಕು.